ಎಂ02.0: ಕರುಳಿನ ಬೈಪಾಸ್ ನಂತರದ ಕೀಲುರೋಗ, ಮತ್ತು ಅದಲುಬದಲಾಗುವ ಸೊನ್ನೆ-ಒಂಬತ್ತು

ಬೆಳಗಾವಿಯಲ್ಲಿ ಸಿಪಿಸಿ, ಅಂದರೆ ಮೆಡಿಕಲ್ ಕೋಡಿಂಗ್ ಪರೀಕ್ಷೆಗೆ ಓದುತ್ತಿರುವವರಲ್ಲಿ ನನ್ನ ಹಾಗೆ ಆಸ್ಪತ್ರೆಯ ಎಂಆರ್‌ಡಿಯಿಂದ (ವೈದ್ಯಕೀಯ ದಾಖಲೆಗಳ ವಿಭಾಗ) ಬಂದವರೂ ಇದ್ದೀರಿ. ಅಲ್ಲಿ ಡಿಸ್ಚಾರ್ಜ್ ಫೈಲುಗಳಿಗೆ ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10 (ಪ್ರತಿ ಕಾಯಿಲೆಗೂ ಅಕ್ಷರ-ಅಂಕಿಗಳ ಗುರುತು ಕೊಡುವ ಪಟ್ಟಿ) ಕೋಡ್ ಹಾಕಿ ಕೈ ಪಳಗಿರುತ್ತದೆ. ಈಗ ಓದುತ್ತಿರುವುದು ಅಮೆರಿಕದ ಐಸಿಡಿ-10-ಸಿಎಂ, ಮುಂದೆ ಬರೀ ಸಿಎಂ ಅನ್ನುತ್ತೇನೆ. ಎರಡೂ ಒಂದೇ ಮನೆತನದವು, ಆದರೆ ಕೀಲುಗಳ ಅಧ್ಯಾಯಕ್ಕೆ ಬಂದಾಗ ಹಳೆಯ ರೂಢಿಯೇ ತೊಡಕಾಗುತ್ತದೆ. ಬಾಗಲಕೋಟೆ, ವಿಜಯಪುರದ ಗೆಳೆಯರೂ ಇದನ್ನೇ ಕೇಳುತ್ತಿದ್ದರು. ಹಾಗಾಗಿ ತಲೆಯಲ್ಲಿ ಬಿಸಿ ಇರುವಾಗಲೇ ಬರೆದಿಡುತ್ತಿದ್ದೇನೆ.

ಕಾಯಿಲೆ ಏನು

ತೂಕ ಇಳಿಸಲು ಸಣ್ಣ ಕರುಳಿನ ಬಹುಭಾಗವನ್ನು ಬದಿಗಿಟ್ಟು ಹೊಲಿಯುವ ಶಸ್ತ್ರಚಿಕಿತ್ಸೆ ಒಂದಿತ್ತು. ಹೆಸರು ಜೆಜುನೋ-ಇಲಿಯಲ್ ಬೈಪಾಸ್. 1950ರ ದಶಕದಲ್ಲಿ ಶುರುವಾಯಿತು, 60-70ರ ದಶಕಗಳಲ್ಲಿ ಅಮೆರಿಕದಲ್ಲಿ ಬಹಳ ಜನರಿಗೆ ಮಾಡಿದರು. ಲಿವರ್ ಹಾಳಾಗುವುದು, ಕಿಡ್ನಿಯಲ್ಲಿ ಕಲ್ಲು, ಇಂಥ ತೊಂದರೆಗಳು ಕಂಡ ಮೇಲೆ ಕೈಬಿಟ್ಟರು. ಊಟ ಹಾಯದ ಆ ಕರುಳಿನ ತುಂಡಿನಲ್ಲಿ ಬ್ಯಾಕ್ಟೀರಿಯಾ ವಿಪರೀತ ಬೆಳೆಯುತ್ತವೆ. ಅವುಗಳ ಅಂಶಗಳಿಗೆ ದೇಹದ ಪ್ರತಿಕಾಯಗಳು ಅಂಟಿಕೊಂಡು ರಕ್ತದಲ್ಲಿ ಸಾಗಿ ಕೀಲುಗಳಲ್ಲಿ, ಚರ್ಮದಲ್ಲಿ ಉರಿಯೂತ ಎಬ್ಬಿಸುತ್ತವೆ.

ಇದರಿಂದಾಗುವ ಕೀಲುರೋಗದ ಕೋಡ್ ಎಂ02.0. ಅದು ಸೋಂಕಿನ ಕೀಲುರೋಗಗಳ ಗುಂಪಿನಲ್ಲಿ, ಅಂದರೆ ಎಂ00ರಿಂದ ಎಂ02ರ ಒಳಗೆ, ಯಾಕಿದೆ ಅನ್ನೋದಕ್ಕೆ ಉತ್ತರ ಇಲ್ಲೇ ಇದೆ. ಗುಂಪಿನ ಆರಂಭದ ಟಿಪ್ಪಣಿ ಓದಿ: ಕೀಲಿನೊಳಗೇ ಸೋಂಕು ಹೊಕ್ಕಿರುವುದು ನೇರ ಬಗೆ. ಸೋಂಕು ದೇಹದ ಬೇರೆಡೆ ಇದ್ದು ಕೀಲು ಪ್ರತಿಕ್ರಿಯೆ ತೋರುವುದು ಪರೋಕ್ಷ ಬಗೆ. ಎಂ02 ಪರೋಕ್ಷ ಬಗೆಯದು. ಕೀಲಿನಿಂದ ತೆಗೆದ ಕೀವಿನಲ್ಲಿ ಸ್ಟಫಿಲೋಕಾಕಸ್ ಬ್ಯಾಕ್ಟೀರಿಯಾ ಸಿಕ್ಕರೆ ಅದು ಎಂ00, ಇಲ್ಲಿಗೆ ಬರುವುದಿಲ್ಲ.

ಐದನೇ ಕ್ಯಾರೆಕ್ಟರ್

ಕೋಡಿನ ಒಂದೊಂದು ಅಕ್ಷರ ಅಥವಾ ಅಂಕಿಗೆ ಕ್ಯಾರೆಕ್ಟರ್ ಅನ್ನುತ್ತಾರೆ. ಎಡವುವುದು ಇಲ್ಲೇ. ಸ್ವಲ್ಪ ನಿಧಾನವಾಗಿ ಓದಿ.

ಎಂ02.061 ತೆಗೆದುಕೊಳ್ಳಿ. ಎಂ, 0, 2 ಸೇರಿ ಕೆಟಗರಿ. ಚುಕ್ಕಿಯ ನಂತರದ 0 ಅಂದರೆ ಕರುಳಿನ ಬೈಪಾಸ್ ನಂತರದ್ದು. ಆಮೇಲಿನ 6 ಮೊಣಕಾಲು. ಕೊನೆಯ 1 ಬಲಗಡೆ. ಐದನೆಯದು ಜಾಗ, ಆರನೆಯದು ಬದಿ.

ಜಾಗಗಳಿಗೆ ನಾನು ಮೈ ಮುಟ್ಟಿಕೊಂಡೇ ನೆನಪಿಡುತ್ತೇನೆ. ಎಡಗೈ ಜೋತುಬಿಡಿ, ಬಲಗೈ ಬೆರಳಿನಿಂದ ಮೇಲಿನಿಂದ ಕೆಳಗೆ ಮುಟ್ಟುತ್ತ ಬನ್ನಿ. ಭುಜ 1, ಮೊಣಕೈ 2, ಮಣಿಕಟ್ಟು 3, ಹಸ್ತ 4. ಜೋತುಬಿದ್ದ ಹಸ್ತ ತೊಡೆಯ ಮೇಲ್ಭಾಗಕ್ಕೆ ತಾಗುತ್ತದಲ್ವಾ, ಅಲ್ಲಿಂದ ಚೂರು ಮೇಲೆ ಸೊಂಟದ ಕೀಲು, ಅದು 5. ಮೊಣಕಾಲು 6, ಕಣಕಾಲು-ಪಾದ 7. ಮುಂದೆ ಬಾಗಲಾರದೆ ಬೆನ್ನಿಗೆ ಕೈ ಹೋಗುತ್ತದೆ: ಬೆನ್ನುಮೂಳೆ 8. ಪರೀಕ್ಷೆಯಲ್ಲಿ ಪುಸ್ತಕ ಕೈಯಲ್ಲೇ ಇರುತ್ತದೆ, ನಿಜ. ಆದರೆ ನಾಲ್ಕು ಗಂಟೆಗೆ 100 ಪ್ರಶ್ನೆ. ಈ ಕ್ರಮ ಬಾಯಿಗೆ ಬಂದರೆ ಪುಟದಲ್ಲಿ ಬೆರಳು ನೇರ ಆ ಸಾಲಿಗೇ ಹೋಗುತ್ತದೆ.

ಉಳಿದವು 0 ಮತ್ತು 9.

ವಿಶ್ವ ಆರೋಗ್ಯ ಸಂಸ್ಥೆಯ ಪುಸ್ತಕದಲ್ಲಿ ಜಾಗದ ಅಂಕಿ 0 ಅಂದರೆ ಹಲವು ಜಾಗ, 9 ಅಂದರೆ ಜಾಗ ಹೇಳಿಲ್ಲ. ಸಿಎಂನಲ್ಲಿ ಪೂರಾ ಉಲ್ಟಾ. ಎಂ02.00 ಅಂದರೆ ಜಾಗ ಹೇಳಿಲ್ಲ, ಎಂ02.09 ಅಂದರೆ ಹಲವು ಜಾಗ. ಎಂಆರ್‌ಡಿಯ ರೂಢಿಯಲ್ಲಿ ಹಲವು ಕೀಲು ಊದಿದ ರೋಗಿಗೆ ಎಂ02.00 ಬರೆದರೆ, ಅಮೆರಿಕದ ವಿಮಾ ಕ್ಲೇಮಿನಲ್ಲಿ ಅದರ ಅರ್ಥ ಡಾಕ್ಟರು ಯಾವ ಕೀಲು ಅಂತಲೇ ಬರೆದಿಲ್ಲ ಎಂದಾಗುತ್ತದೆ. ಎರಡೂ ಸರಿಯಾದ ರೂಪದ ಕೋಡ್‌ಗಳೇ. ಹಾಗಾಗಿ ಸಾಫ್ಟ್‌ವೇರ್ ಕೆಂಪು ಗೆರೆ ಎಳೆಯುವುದಿಲ್ಲ, ತಪ್ಪು ಸುಮ್ನೆ ದಾಟಿಹೋಗುತ್ತದೆ. ಅದಕ್ಕೇ ನಾನು ಇದನ್ನು ಇಷ್ಟು ಒತ್ತಿ ಹೇಳುತ್ತಿರುವುದು. ಎಂ02.06 ಅಂತ ಅರ್ಧಕ್ಕೆ ನಿಲ್ಲಿಸಿದರೆ ಹಾಗಲ್ಲ. ಸಿಎಂನಲ್ಲಿ ಅದು ಅಪೂರ್ಣ, ತಕ್ಷಣ ವಾಪಸ್ ಬರುತ್ತದೆ.

ಇನ್ನೊಂದು ಒಂಬತ್ತೂ ಇದೆ. ಆರನೇ ಜಾಗದಲ್ಲಿ 9 ಬಂದರೆ ಬದಿ ಹೇಳಿಲ್ಲ ಎಂದರ್ಥ. ಎಂ02.069 ಅಂದರೆ ಮೊಣಕಾಲೇ ಹೌದು, ಎಡವೋ ಬಲವೋ ಬರೆದಿಲ್ಲ. ಐದನೆಯ 9 ಹಲವು, ಆರನೆಯ 9 ಗೊತ್ತಿಲ್ಲ. 0, 8, 9 ಐದನೇ ಜಾಗದಲ್ಲಿದ್ದರೆ ಆರನೆಯದು ಇರುವುದೇ ಇಲ್ಲ. ಬೆನ್ನುಮೂಳೆಗೆ ಎಡ-ಬಲ ಇಲ್ಲ, ಹಲವು ಜಾಗಕ್ಕೂ ಇಲ್ಲ. ಈ ಒಂದು ಸಾಲನ್ನು ಪುಸ್ತಕದ ಅಂಚಿನಲ್ಲಿ ಪೆನ್ಸಿಲ್‌ನಿಂದ ಬರೆದಿಟ್ಟುಕೊಳ್ಳಿ.

ಎರಡೂ ಮೊಣಕಾಲು ಊದಿದ್ದರೆ? ಇಲ್ಲಿ ಎರಡೂ ಬದಿಗೆ ಸೇರಿ ಒಂದೇ ಕೋಡ್ ಇಲ್ಲ. ಅಂಥ ಕಡೆ ಎಡಕ್ಕೊಂದು, ಬಲಕ್ಕೊಂದು ಹಾಕಬೇಕು ಅಂತ ಸಿಎಂನ ಕೋಡಿಂಗ್ ಗೈಡ್‌ಲೈನ್ ಹೇಳುತ್ತದೆ. ನಾನು ಎಂ02.061 ಜತೆಗೆ ಎಂ02.062 ಹಾಕುತ್ತೇನೆ. ಬಲ ಮೊಣಕಾಲು ಮತ್ತು ಎಡ ಮಣಿಕಟ್ಟು ಆದರೆ ಎಂ02.09. ಒಂದೇ ಬಗೆಯ ಕೀಲು ಜೋಡಿಯಾಗಿ ಬಂದರೆ ಬದಿಯ ಪ್ರಶ್ನೆ, ಬೇರೆ ಬೇರೆ ಕೀಲು ಬಂದರೆ ಜಾಗದ ಪ್ರಶ್ನೆ. ಹೀಗೆ ಬಿಡಿಸಿಕೊಂಡರೆ ನನಗೆ ಗೊಂದಲವಾಗುವುದಿಲ್ಲ.

ಯಾವ ಬೈಪಾಸ್

ಚಾರ್ಟಿನಲ್ಲಿ, ಅಂದರೆ ರೋಗಿಯ ದಾಖಲೆಯಲ್ಲಿ, ಬರೀ ಬೈಪಾಸ್ ಅಂತಿದ್ದರೆ ಕೈ ತಡೆಯಿರಿ. ಹಿಂದೆ ಆದ ಶಸ್ತ್ರಚಿಕಿತ್ಸೆಯನ್ನು ಹೇಳುವ ಸ್ಟೇಟಸ್ ಕೋಡ್ ಒಂದೊಂದಕ್ಕೂ ಬೇರೆ. ಹೃದಯದ್ದಾದರೆ ಝಡ್95.1. ಹೊಟ್ಟೆಯ ಗ್ಯಾಸ್ಟ್ರಿಕ್ ಬೈಪಾಸ್ ಝಡ್98.84. ಕರುಳಿನದು ಝಡ್98.0. ಮತ್ತೆ, ಹಿಂದೆ ಬೈಪಾಸ್ ಆಗಿದೆ, ಈಗ ಬಲ ಮೊಣಕಾಲು ನೋವು ಅಂತ ಎರಡು ಸಾಲು ಇದ್ದ ಮಾತ್ರಕ್ಕೆ ಎಂ02.061 ಆಗುವುದಿಲ್ಲ. ಇದರಿಂದಲೇ ಅದು ಎಂಬ ನಂಟನ್ನು ಡಾಕ್ಟರು ಬರೆದಿರಬೇಕು. ಬರೆದಿಲ್ಲದಿದ್ದರೆ ಬರೀ ನೋವಿನ ಕೋಡ್ ಎಂ25.561, ಅನುಮಾನವಿದ್ದರೆ ಡಾಕ್ಟರಿಗೆ ಕ್ವೆರಿ, ಅಂದರೆ ಅವರನ್ನೇ ಕೇಳುವುದು. ನಂಟು ನಾವು ಕಟ್ಟಬಾರದು.

ಕ್ರೋನ್ಸ್ ಕಾಯಿಲೆಗೆ (ಕರುಳಿನ ದೀರ್ಘಕಾಲದ ಉರಿಯೂತ) ಕರುಳು ಕತ್ತರಿಸಿದ ರೋಗಿಯ ಕೀಲುನೋವನ್ನು ಎಷ್ಟೋ ಜನ ಇಲ್ಲಿಗೆ ಎಳೆಯುತ್ತಾರೆ. ಕತ್ತರಿಸುವುದು ಬೈಪಾಸ್ ಅಲ್ಲ. ಕರುಳಿನ ಕಾಯಿಲೆಯಿಂದಲೇ ಬಂದ ಕೀಲುರೋಗ ಎಂದು ಡಾಕ್ಟರು ಬರೆದಿದ್ದರೆ ಅದು ಎಂ07.6, ಜತೆಗೆ ಕ್ರೋನ್ಸ್‌ಗೆ ಕೆ50. ಅಲ್ಲೂ ಜಾಗದ ಅಂಕಿಗಳು ಇದೇ ಕ್ರಮದಲ್ಲಿವೆ.

ಝಡ್98.0 ಜತೆಗೆ ಹಾಕಬೇಕಾ

ಅಭ್ಯಾಸಕ್ಕೆ ನಾನೇ ಕಟ್ಟಿಕೊಂಡ ಚಾರ್ಟ್: 74 ವರ್ಷದ ಮಹಿಳೆ, 1976ರಲ್ಲಿ ಜೆಜುನೋ-ಇಲಿಯಲ್ ಬೈಪಾಸ್, ಈಗ ಬಲ ಮೊಣಕಾಲು ಊತ, ಕರುಳಿನ ಬೈಪಾಸ್‌ನಿಂದಾದ ಆರ್ಥ್ರೋಪತಿ (ಕೀಲುರೋಗ) ಎಂದು ಡಾಕ್ಟರು ಬರೆದಿದ್ದಾರೆ. ಎಂ02.061 ಖಚಿತ. ಝಡ್98.0? ಬೇಡ. ಕಾಯಿಲೆಯ ಕೋಡ್‌ನಲ್ಲೇ ಆ ಮಾಹಿತಿ ಇದ್ದರೆ ಸ್ಟೇಟಸ್ ಕೋಡ್ ಮತ್ತೆ ಹಾಕಬಾರದು ಅಂತ ಗೈಡ್‌ಲೈನ್ ಇದೆ. ಎಂ02.0ರ ಹೆಸರಿನಲ್ಲೇ ಕರುಳಿನ ಬೈಪಾಸ್ ಕೂತಿದೆ.

ಎಂ02ರ ತಲೆಯಲ್ಲಿ ಮೂಲ ಕಾಯಿಲೆಯನ್ನು ಮೊದಲು ಬರೆಯಿರಿ ಎಂಬ ಸೂಚನೆಯೂ ಇದೆ. ಅಲ್ಲಿನ ಉದಾಹರಣೆಗಳು ಯೆರ್ಸಿನಿಯಾ ಕರುಳುಬೇನೆ ಎ04.6, ಹೃದಯದ ಒಳಪದರದ ಸೋಂಕು ಐ33.0, ವೈರಲ್ ಹೆಪಟೈಟಿಸ್ ಇಂಥವು. ಬೈಪಾಸ್ ಕಾಯಿಲೆಯಲ್ಲ, ಆಗಿಹೋದ ಶಸ್ತ್ರಚಿಕಿತ್ಸೆ. ಆದ್ದರಿಂದ ಮೇಲಿನ ಚಾರ್ಟಿನಲ್ಲಿ ಎಂ02.061 ಮೊದಲ ಸಾಲಿನಲ್ಲೇ ನಿಲ್ಲುತ್ತದೆ. ಆ ಕರುಳಿನಲ್ಲಿ ಬ್ಯಾಕ್ಟೀರಿಯಾ ಹೆಚ್ಚಾಗಿವೆ, ಅದೇ ಕಾರಣ ಅಂತ ಡಾಕ್ಟರು ರೋಗನಿರ್ಣಯವಾಗಿ ಬರೆದಿದ್ದರೆ ಆಗ ಕೆ63.821ರ ಕೆಳಗಿನ ಕೋಡ್‌ಗಳನ್ನು ತೆರೆದು ನೋಡಿ. ಅವು 2023ರ ಅಕ್ಟೋಬರ್ 1ರಿಂದ ಬಂದವು, ಹಳೆಯ ಪುಸ್ತಕದಲ್ಲಿ ಸಿಗುವುದಿಲ್ಲ.