ಎಣ್ಣೆಗೆ ಬೇಲಿ ಹಾಕುವ ಲೆಕ್ಕ, ಮತ್ತೆ ನಮ್ಮ ರಾಯಚೂರು ಹತ್ತಿ

ರಾಯಚೂರಿಗೂ ಸಮುದ್ರದ ಎಣ್ಣೆ ಸೋರಿಕೆಗೂ ಏನು ಸಂಬಂಧ ಅಂತ ನಾನೂ ಪಠ್ಯದಲ್ಲಿ ಎಣ್ಣೆ ಸೋರಿಕೆಯ ಅಧ್ಯಾಯ ಹಾರಿಸಿದ್ದೆ. ಆದರೆ ಇದರ ಮುಖ್ಯ ಲೆಕ್ಕ ನಮ್ಮ ತುಂಗಭದ್ರಾ ಎಡದಂಡೆ ಕಾಲುವೆಗೆ ಡೀಸೆಲ್ ಚೆಲ್ಲಿದರೂ ಅದೇ.

ನೀರಿಗೆ ಬಿದ್ದ ಎಣ್ಣೆ ಹರಡುತ್ತಾ ತೆಳುವಾಗುತ್ತದೆ. ತೆಳುವಾದಷ್ಟೂ ಎತ್ತುವುದು ಕಷ್ಟ. ಸುಟ್ಟುಬಿಡೋಣ ಅಂದರೂ ಪದರ 2-3 ಮಿ.ಮೀ. ದಪ್ಪ ಇರಬೇಕು, ಇಲ್ಲದಿದ್ದರೆ ಕೆಳಗಿನ ನೀರೇ ಶಾಖ ಎಳೆದುಕೊಂಡು ಬೆಂಕಿ ನಂದುತ್ತದೆ. ಹಾಗಾಗಿ ಮೊದಲು ಎಣ್ಣೆಯನ್ನು ಒಂದು ಕಡೆ ಕೂಡಿಹಾಕಬೇಕು. ಅದಕ್ಕೆ ಬೂಮ್: ಮೇಲೆ ತೇಲುವ ಕೊಳವೆ, ಅದರಿಂದ ನೀರೊಳಗೆ ಇಳಿಬಿದ್ದ ಪರದೆ.

ಎಡವುವುದು ಇಲ್ಲೇ. ಬೂಮನ್ನು ಹರಿವಿಗೆ ನೇರ ಅಡ್ಡ ಕಟ್ಟಿದರೆ, ವೇಗ ಸೆಕೆಂಡಿಗೆ ಸುಮಾರು 0.35 ಮೀಟರ್ ದಾಟಿದ ಕೂಡಲೇ ಎಣ್ಣೆ ಹನಿಹನಿಯಾಗಿ ಕಿತ್ತುಬಂದು ಪರದೆ ಅಡಿಯಿಂದ ನುಸುಳುತ್ತದೆ. ಪರದೆ ಇನ್ನಷ್ಟು ಆಳಕ್ಕೆ ಬಿಟ್ಟರಾಯಿತು ಅಂತ ಬರೆದು ನಾನು ಅಂಕ ಕಳಕೊಂಡಿದ್ದೇನೆ. ಕಾಲುವೆಯಂಥ ಆಳವಿಲ್ಲದ ಕಡೆ ಪರದೆ ಇಳಿದಷ್ಟೂ ನೀರಿಗೆ ದಾರಿ ಕಿರಿದಾಗುತ್ತದೆ, ಅಡಿಯಲ್ಲಿ ಇನ್ನೂ ಜೋರಾಗಿ ನುಗ್ಗುತ್ತದೆ.

ಉಪಾಯ ಅಂದರೆ ಓರೆಯಾಗಿ ಕಟ್ಟುವುದು. ಬೂಮಿಗೆ ನೇರವಾಗಿ ತಾಗುವ ವೇಗ = ಹರಿವಿನ ವೇಗ × ಸೈನ್ ಕೋನ (ಬೂಮಿಗೂ ಹರಿವಿಗೂ ನಡುವಿನ ಕೋನ). ಕಾಲುವೆ ಸೆಕೆಂಡಿಗೆ 0.7 ಮೀಟರ್ ಹರಿಯುತ್ತಿದೆ ಅನ್ನಿ. 0.35 ÷ 0.7 = 0.5, ಅಂದರೆ ದಡಕ್ಕೆ 30 ಡಿಗ್ರಿ ಕೋನ. ಕಾಲುವೆ 10 ಮೀಟರ್ ಅಗಲವಿದ್ದರೆ ಬೂಮ್ 20 ಮೀಟರ್ ಬೇಕು. ಎಣ್ಣೆ ತಾನಾಗಿ ಜಾರಿ ಒಂದು ದಡಕ್ಕೆ ಬಂದು ನಿಲ್ಲುತ್ತದೆ, ಅಲ್ಲಿಂದ ಸ್ಕಿಮ್ಮರ್, ಅಂದರೆ ನೀರಿನ ಮೇಲಿನ ಎಣ್ಣೆ ಎತ್ತುವ ಯಂತ್ರ, ಅದನ್ನು ಎತ್ತುತ್ತದೆ. ಸ್ಕಿಮ್ಮರ್ ಬಗ್ಗೆ ಒಂದೇ ಮಾತು: ಎಷ್ಟು ಎತ್ತಿತು ಅನ್ನುವುದಷ್ಟೇ ಸಾಲದು, ಎತ್ತಿದ್ದರಲ್ಲಿ ಎಣ್ಣೆ ಎಷ್ಟು, ನೀರೆಷ್ಟು ಅಂತಲೂ ನೋಡಬೇಕು. ಅಮೆರಿಕದ ನ್ಯೂಜೆರ್ಸಿಯಲ್ಲಿ ಇದನ್ನೆಲ್ಲ ಪರೀಕ್ಷಿಸಲಿಕ್ಕೇ ಓಮ್‌ಸೆಟ್ ಅನ್ನುವ 203 ಮೀಟರ್ ಉದ್ದದ ಉಪ್ಪುನೀರಿನ ತೊಟ್ಟಿ ಇದೆ. 2017ರ ಜನವರಿಯಲ್ಲಿ ಚೆನ್ನೈ ಹತ್ತಿರದ ಎನ್ನೋರ್ ಬಳಿ ಎರಡು ಹಡಗು ಡಿಕ್ಕಿಯಾದಾಗ ಮಾತ್ರ ಗಟ್ಟಿ ಎಣ್ಣೆಯನ್ನು ಜನ ಬಕೆಟ್ಟಿನಲ್ಲೇ ಮೊಗೆದರು.

ಇನ್ನು ಹತ್ತಿ, ಅದು ಎಣ್ಣೆ ಹೀರುತ್ತದೆಯೇ ಅಂತ ಮನೆಯಲ್ಲೇ ನೋಡಿದೆ. ಅಮ್ಮ ದೀಪದ ಬತ್ತಿಗೆ ಬೀಜ ಬಿಡಿಸಿಟ್ಟಿದ್ದ ಹತ್ತಿ ಒಂದು ಹಿಡಿ, ಮೆಡಿಕಲ್ ಅಂಗಡಿ ಹತ್ತಿ ಒಂದು ಹಿಡಿ ತಗೊಂಡೆ. ಪರಾತದಲ್ಲಿ ನೀರು ತುಂಬಿ, ಗ್ಯಾರೇಜಿನಿಂದ ತಂದ ಹಳೆ ಆಯಿಲ್ ಸುರಿದೆ. ಮೆಡಿಕಲ್ ಹತ್ತಿ ನೀರು ಕುಡಿದು ಮುಳುಗಿತು. ಮನೆ ಹತ್ತಿ ತೇಲುತ್ತಲೇ ಕಪ್ಪಾಯಿತು, ಸುತ್ತಲಿನ ನೀರು ತಿಳಿಯಾಗುತ್ತಾ ಬಂತು. "ಈ ಪರಾತದಾಗ ಇನ್ನ ರೊಟ್ಟಿ ಹಿಟ್ಟು ನಾದಬೇಕೇನು ನಾನು?" ಅಂದಳು ಅಮ್ಮ.

ಕಾರಣ ಎಳೆಯ ಮೇಲಿನ ಮೇಣ. ಅದು ನೀರನ್ನು ಹತ್ತಿರ ಸೇರಿಸುವುದಿಲ್ಲ, ಎಣ್ಣೆಯನ್ನು ಕರೆಯುತ್ತದೆ. ಮೆಡಿಕಲ್ ಹತ್ತಿಯನ್ನು ಕ್ಷಾರದಲ್ಲಿ ಕುದಿಸಿ ಆ ಮೇಣ ತೆಗೆದಿರುತ್ತಾರೆ. ಟೆಕ್ಸಾಸ್ ಟೆಕ್ ವಿಶ್ವವಿದ್ಯಾಲಯದವರು ಕಚ್ಚಾ ಹತ್ತಿ ತನ್ನ ತೂಕದ 30 ಪಟ್ಟಿಗೂ ಹೆಚ್ಚು ಎಣ್ಣೆ ಹಿಡಿಯುವುದನ್ನು ತೋರಿಸಿದ್ದಾರೆ. ಅದೂ ಸರಿಯಾಗಿ ಬಲಿಯದ, ಎಳೆ ತೆಳುವಾದ ಹತ್ತಿ, ಅಂದರೆ ಮಾರುಕಟ್ಟೆಯಲ್ಲಿ ರೇಟು ಸಿಗದ ಮಾಲು! ಎಳೆ ತೆಳುವಾದಷ್ಟೂ ಅದೇ ತೂಕದಲ್ಲಿ ಎಣ್ಣೆ ಅಂಟುವ ಮೈ ಜಾಸ್ತಿ.

ಆದರೆ ಗಟ್ಟಿ ಎಣ್ಣೆ ಎಳೆಗಳ ನಡುವೆ ಸುಲಭಕ್ಕೆ ಇಳಿಯುವುದಿಲ್ಲ. ಮತ್ತೆ, ಎಣ್ಣೆ ಕುಡಿದ ಹತ್ತಿಯನ್ನು ತಿಪ್ಪೆಗೆ ಎಸೆಯುವಂತಿಲ್ಲ, ಅದೂ ಅಪಾಯಕಾರಿ ತ್ಯಾಜ್ಯವೇ. ನನ್ನದು ಮುಚ್ಚಳದ ಡಬ್ಬಿಯಲ್ಲಿ ಹಿತ್ತಲಲ್ಲಿ ಕೂತಿದೆ.