ಡಬ್ಬಿಂಗ್: ತಮಿಳು ಕಲಿತ ಕುಳ್ಳನರಿ

ಟಿವಿ ಮುಂದೆ ಕೂತು ಬೆಳೆದ, ಈಗ ಇಪ್ಪತ್ತು ದಾಟಿರುವ ತಮಿಳು ಗೆಳೆಯರಿದ್ದರೆ ಅವರ ಮುಂದೆ ಸುಮ್ನೆ ‘ಕುಳ್ಳನರಿ’ ಅಂತ ಹೇಳಿ ನೋಡಿ. ‘ತಿರುಡಕ್ಕೂಡಾದು’ ಅಂತ ಮಿಕ್ಕಿದ್ದನ್ನು ಅವರೇ ಮುಗಿಸಿಬಿಡುತ್ತಾರೆ. ಗುಳ್ಳೆನರಿ, ಕದಿಯಬಾರದು! ಅಮೆರಿಕದಲ್ಲಿ 2000ದಲ್ಲಿ ಶುರುವಾದ ‘ಡೋರಾ ದಿ ಎಕ್ಸ್‌ಪ್ಲೋರರ್’ ಎಂಬ ಕಾರ್ಟೂನ್ ಸರಣಿಯಲ್ಲಿ, ಡೋರಾ ಎಂಬ ಹುಡುಗಿ ಕಳ್ಳ ನರಿಗೆ ಹೇಳುವ ಮಾತಿದು. ತಮಿಳಿನ ಮಕ್ಕಳಿಗಾಗಿ 2007ರಲ್ಲಿ ಬಂದ ಸನ್ ಬಳಗದ ಚುಟ್ಟಿ ಟಿವಿಯಲ್ಲಿ ಅದು ‘ಡೋರಾವಿನ್ ಪಯಣಂಗಳ್’ ಆಯಿತು.

ಹೀಗೆ ಒಂದು ಭಾಷೆಯ ಮಾತು ತೆಗೆದು ಇನ್ನೊಂದು ಭಾಷೆಯ ಮಾತು ಕೂಡಿಸುವ ಕೆಲಸಕ್ಕೆ ಡಬ್ಬಿಂಗ್ ಅನ್ನುತ್ತೇವೆ. ಇಂಗ್ಲಿಷಿನ ‘ಡಬಲ್’ ಮೊಟಕಾಗಿ ‘ಡಬ್’ ಆಗಿದ್ದು. ಕನ್ನಡದ ಪತ್ರಿಕೆಗಳಲ್ಲಿ ‘ಕಂಠದಾನ’ ಅಂತಲೂ ಬರೆಯುತ್ತಾರೆ. ತಮಿಳಿನವರು ‘ಕುರಲ್ ಕೊಡುಕ್ಕಿರದು’, ಅಂದರೆ ದನಿ ಕೊಡುವುದು ಅನ್ನುತ್ತಾರೆ. ಕೊಡುವುದು, ದಾನ ಮಾಡುವುದು! ಸಂಬಳ ತಗೊಂಡು ಮಾಡುವ ಕೆಲಸಕ್ಕೆ ಎಂಥ ಉದಾರ ಹೆಸರು ಅಲ್ವಾ?

ಡಬ್ ಮಾಡುವಾಗ ಬದಲಾಗುವುದು ಮಾತು, ಬೇಕಿದ್ದರೆ ಹಾಡು. ಸಂಗೀತ, ಬಾಗಿಲು ಬಡಿದ ಸದ್ದು, ನೀರಿಗೆ ಬಿದ್ದ ಸದ್ದು ಎಲ್ಲ ಬೇರೆ ಟ್ರ್ಯಾಕಿನಲ್ಲಿ ಬರುತ್ತವೆ, ಹಾಗೇ ಉಳಿಯುತ್ತವೆ. ಕಲಾವಿದರು ಕಿವಿಗೆ ಹೆಡ್‌ಫೋನ್ ಹಾಕಿ ಮೂಲದ ಮಾತು ಕೇಳಿಸಿಕೊಳ್ಳುತ್ತಾ, ಪರದೆ ನೋಡುತ್ತಾ, ಕೈಯಲ್ಲಿರುವ ಹಾಳೆಯ ಮಾತನ್ನು ಆಡುತ್ತಾರೆ. ಪಾತ್ರದ ಬಾಯಿ ತೆರೆದಾಗ ಶುರು, ಮುಚ್ಚಿದಾಗ ನಿಲ್ಲಿಸಬೇಕು. ಇದೇ ಲಿಪ್ ಸಿಂಕ್.

ಆ ನರಿಯ ಸಾಲನ್ನೇ ಹತ್ತಿರದಿಂದ ನೋಡಿ. ಮೂಲದಲ್ಲಿ ‘ಸ್ವೈಪರ್, ನೋ ಸ್ವೈಪಿಂಗ್’. ಬಾಯಲ್ಲಿ ಐದೇ ತುಣುಕು: ಸ್ವೈ, ಪರ್, ನೋ, ಸ್ವೈ, ಪಿಂಗ್. ತಮಿಳಿನಲ್ಲಿ ಎಣಿಸಿದರೆ ಹತ್ತು ಅಕ್ಷರ. ಐದರ ಜಾಗದಲ್ಲಿ ಹತ್ತನ್ನು ತುರುಕಬೇಕು. ಇನ್ನೊಂದು ತಮಾಷೆ ಇದೆ. ಪ, ಬ, ಮ ಹೇಳುವಾಗ ತುಟಿ ಕೂಡಲೇಬೇಕು. ಇಂಗ್ಲಿಷ್ ಸಾಲಿನಲ್ಲಿ ಎರಡು ಸಲ ತುಟಿ ಕೂಡುತ್ತದೆ. ತಮಿಳಿನಲ್ಲಿ? ಒಂದು ಸಲವೂ ಇಲ್ಲ. ಸಿನಿಮಾದಲ್ಲಿ ನಟನ ಮುಖ ಹತ್ತಿರದಿಂದ ತೋರಿಸುವಾಗ ಹೀಗಾದರೆ ಕಣ್ಣಿಗೆ ಚುಚ್ಚುತ್ತದೆ. ಕಾರ್ಟೂನ್ ಬಾಯಿ ಹಾಗಲ್ಲ. ಬರೆದ ಬಾಯಿಗೆ ಇರುವುದೇ ಕೆಲವು ಆಕಾರ. ಅದು ಅಲ್ಲಾಡುತ್ತಿದ್ದರೆ ಸಾಕು, ಮಗು ನಂಬುತ್ತದೆ.

ಈ ಸಡಿಲಿನಲ್ಲೇ ಬರೆಯುವವರಿಗೆ ಆಟ ಆಡಲು ಜಾಗ ಸಿಗುತ್ತದೆ. ಸ್ವೈಪರ್ ಅಂದರೆ ಹೊಡೆದುಕೊಂಡು ಹೋಗುವವನು. ಹೆಸರಿನಲ್ಲೇ ಕಳ್ಳತನ ಇದೆ. ಆ ಶ್ಲೇಷೆ ತಮಿಳಿಗೆ ಬರಲಿಲ್ಲ. ಬದಲಿಗೆ ಹೆಸರನ್ನೇ ಕೈಬಿಟ್ಟು ಕುಳ್ಳನರಿ ಅಂತ ಕರೆದರು. ಅಜ್ಜಿ ಕಥೆಯ ಮೋಸಗಾರ ನರಿ ಮಕ್ಕಳಿಗೆ ಮೊದಲೇ ಗೊತ್ತಲ್ಲ! ಅದರ ಕಳ್ಳಬುದ್ಧಿಯನ್ನು ಬೇರೆ ಹೇಳಿಕೊಡಬೇಕಾಗಲಿಲ್ಲ. ಹಾಗೇ, ಕೆಂಪು ಬೂಟು ಹಾಕುವ ‘ಬೂಟ್ಸ್’ ಎಂಬ ಮರಿಕೋತಿ ಪುಟ್ಟಮಕ್ಕಳನ್ನು ಮುದ್ದಿಗೆ ಕರೆದ ಹಾಗೆ ‘ಬುಜ್ಜಿ’ ಆಯಿತು. ಬೂಟಿನ ಮಾತು ಹೋಯಿತು, ಮುದ್ದು ಬಂತು. ನನ್ನ ಮಟ್ಟಿಗೆ ಇದು ಲಾಭದ ವ್ಯಾಪಾರ.

ಡೋರಾದಲ್ಲಿ ಇನ್ನೂ ಒಂದು ಕಷ್ಟ ಇದೆ. ಅವಳು ಪ್ರಶ್ನೆ ಕೇಳಿ, ಪರದೆಯಾಚೆಯ ಮಗುವನ್ನು ನೋಡುತ್ತಾ ಕಣ್ಣು ಪಿಳಿಪಿಳಿ ಬಿಟ್ಟು ಸುಮ್ಮನೆ ನಿಲ್ಲುತ್ತಾಳೆ. ಉತ್ತರ ಹೇಳುವುದು ಮಗು. ಆ ಖಾಲಿ ಜಾಗವನ್ನು ಮಾತಿನಿಂದ ತುಂಬುವ ಹಾಗಿಲ್ಲ. ಉತ್ತರವೂ ಅಷ್ಟರೊಳಗೆ ಮುಗಿಯುವಂಥ ಪ್ರಶ್ನೆಯೇ ತಮಿಳಿನಲ್ಲೂ ಆಗಬೇಕು. ಹಾಗಾಗಿ ಡಬ್ಬಿಂಗ್ ಬರೆಯುವವರು ಯಾರೂ ಮಾತಾಡದ ಹೊತ್ತನ್ನೂ ಲೆಕ್ಕ ಹಾಕಬೇಕಾಗುತ್ತದೆ.

ನಮ್ಮಲ್ಲಿ 2009ರಲ್ಲಿ ಅದೇ ಸನ್ ಬಳಗದ ಕನ್ನಡ ಮಕ್ಕಳ ಚಾನೆಲ್ ಚಿಂಟು ಟಿವಿ ಬಂತು. ಸಿನಿಮಾಗೆ ಡಬ್ಬಿಂಗ್ ಬೇಡವೇ ಬೇಡ ಅಂತ ಗಾಂಧಿನಗರದಲ್ಲಿ ದೊಡ್ಡವರು ಪಟ್ಟು ಹಿಡಿದಿದ್ದ ಕಾಲ ಅದು. ಅತ್ತ ಮನೆಮನೆಯ ಹಾಲ್‌ಗಳಲ್ಲಿ ಹೊರದೇಶದ ಕಾರ್ಟೂನುಗಳು ಆಗಲೇ ಕನ್ನಡ ಮಾತಾಡುತ್ತಿದ್ದವು.