ರಾಜಿಯಾದ ಮೇಲೂ ಕೇಸ್ ಯಾಕೆ ಮುಗಿಯೋದಿಲ್ಲ?

ಕೊಡಗಿನ ನಾಪೋಕ್ಲು ಕಡೆಯ ಅಣ್ಣ-ತಮ್ಮ ತೋಟದ ದಾರಿ ವಿಚಾರಕ್ಕೆ ಜಗಳ ಮಾಡಿಕೊಂಡರು ಅಂತ ಇಟ್ಟುಕೊಳ್ಳಿ. ತಮ್ಮನ ಕೈಯಲ್ಲಿ ಕಾಡು ಕಡಿಯುವ ಕತ್ತಿ ಇತ್ತು. ಅಣ್ಣನ ತೋಳಿಗೆ ಗಾಯವಾಯಿತು, ಪೊಲೀಸ್ ಕೇಸ್ ಆಯಿತು. ಹುತ್ತರಿ ಹಬ್ಬ ಬರುವಷ್ಟರಲ್ಲಿ ಹಿರಿಯರು ಕೂತು ಮಾತಾಡಿ ಇಬ್ಬರನ್ನೂ ಒಂದು ಮಾಡಿದರು, ಕುಟುಂಬದ ಮೂಲಮನೆಯಾದ ಐನ್‌ಮನೆಯಲ್ಲಿ ಜೊತೆಗೇ ಊಟವೂ ಆಯಿತು. ಕೋರ್ಟಿನ ವಾಯಿದೆ ಮಾತ್ರ ತಪ್ಪಲಿಲ್ಲ. 'ಕಂಪ್ಲೇಂಟ್ ಕೊಟ್ಟವನು ನಾನು, ನಾನೇ ಬೇಡ ಅಂತಿದ್ದೀನಲ್ಲ' ಅಂದರೂ ಆಗಲಿಲ್ಲ.

ಪೊಲೀಸ್ ಕೇಸಿನಲ್ಲಿ ದೂರು ಕೊಟ್ಟವರು ಒಬ್ಬ ಸಾಕ್ಷಿ ಅಷ್ಟೇ. ಕೇಸ್ ನಡೆಸುವುದು ಸರ್ಕಾರ.

ಕೊಡಗಿನಲ್ಲಿ ಹಿಂದೆ ಒಕ್ಕದೊಳಗಿನ, ಅಂದರೆ ಒಂದೇ ಮನೆತನದೊಳಗಿನ ಜಗಳವನ್ನು ಅದರ ಹಿರಿಯರಾದ ಪಟ್ಟೆದಾರರು, ಊರಿನದ್ದನ್ನು ಊರ ಮುಖ್ಯಸ್ಥರಾದ ತಕ್ಕರು ತೀರ್ಮಾನ ಮಾಡುತ್ತಿದ್ದರು. 1834ರಲ್ಲಿ ಬ್ರಿಟಿಷರು ರಾಜ್ಯವನ್ನು ವಶಪಡಿಸಿಕೊಂಡ ಮೇಲೆ ಅವರ ಕೋರ್ಟು, ಅವರ ಕಾನೂನು ಬಂತು. ಹಾಗಂತ ಆ ಕಾನೂನು ರಾಜಿಗೆ ಬಾಗಿಲು ಪೂರ್ತಿ ಮುಚ್ಚಲಿಲ್ಲ. ಕೇಸ್ ನಡೆಸುವ ವಿಧಾನ ಹೇಳುವ 1898ರ ದಂಡ ಪ್ರಕ್ರಿಯಾ ಸಂಹಿತೆಯ 345ನೇ ಸೆಕ್ಷನ್ ಕೆಲವು ಅಪರಾಧಗಳಲ್ಲಿ ರಾಜಿಗೆ ಅವಕಾಶ ಕೊಟ್ಟಿತ್ತು. ಅದೇ 1973ರ ಸಂಹಿತೆಯಲ್ಲಿ 320 ಆಯಿತು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 359.

ಇದರಲ್ಲಿ ಎರಡು ಪಟ್ಟಿ ಇವೆ. ಬೈಗುಳ, ಸಣ್ಣ ಹೊಡೆದಾಟ, ಅತಿಕ್ರಮ ಪ್ರವೇಶದಂಥವಕ್ಕೆ ನೊಂದವರು ಒಪ್ಪಿದರೆ ಸಾಕು. ಇನ್ನು ಕೆಲವಕ್ಕೆ ಕೋರ್ಟಿನ ಅನುಮತಿ ಬೇಕು. ರಾಜಿ ದಾಖಲಾದರೆ ಆರೋಪಿ ಖುಲಾಸೆಯಾದ ಹಾಗೇ ಲೆಕ್ಕ.

ಹಾಗಾದರೆ ಆ ಅಣ್ಣ-ತಮ್ಮನಿಗೆ ತೊಡಕಾಗಿದ್ದು ಏನು? ಕತ್ತಿ. ಮಾರಕ ಆಯುಧದಿಂದ ಗಾಯ ಮಾಡುವುದು ಹಳೆಯ ದಂಡ ಸಂಹಿತೆಯಲ್ಲಿ 324, ಈಗಿನ ನ್ಯಾಯ ಸಂಹಿತೆಯಲ್ಲಿ 118(1). ಮೊದಲು ಕೋರ್ಟ್ ಒಪ್ಪಿದರೆ ಇದರಲ್ಲೂ ರಾಜಿ ಆಗುತ್ತಿತ್ತು. 2009ರ ಡಿಸೆಂಬರ್ 31ರಿಂದ ಜಾರಿಯಾದ ತಿದ್ದುಪಡಿ ಇದನ್ನು ಪಟ್ಟಿಯಿಂದ ತೆಗೆಯಿತು. ಬರಿಗೈಯಲ್ಲಿ ಗುದ್ದಿ ಮೂಳೆ ಮುರಿದರೆ ಕೋರ್ಟಿನ ಅನುಮತಿ ಪಡೆದು ರಾಜಿ ಆಗಬಹುದು. ಕತ್ತಿ ತಾಗಿ ನಾಲ್ಕು ಹೊಲಿಗೆ ಬಿದ್ದರೆ ಆಗೋದಿಲ್ಲ. ತೋಟಕ್ಕೆ ಹೋಗುವವರೆಲ್ಲ ಕತ್ತಿ ಹಿಡಿದೇ ಹೋಗುವ ಜಿಲ್ಲೆಯಲ್ಲಿ ಇದು ಎಷ್ಟು ಮನೆಗಳನ್ನು ಗೋಳಾಡಿಸುತ್ತದೆ, ಯೋಚಿಸಿ.

ಇಂಥ ಕೇಸನ್ನು ರಾಜಿ ಮೇಲೆ ಮುಗಿಸುವ ಅಧಿಕಾರ ಮ್ಯಾಜಿಸ್ಟ್ರೇಟರಿಗಿಲ್ಲ. ಲೋಕ ಅದಾಲತ್ ಕೂಡ ಮುಟ್ಟುವಂತಿಲ್ಲ. ಹೈಕೋರ್ಟೇ ರದ್ದು ಮಾಡಬೇಕು. ಅದಿರುವುದು ಮಡಿಕೇರಿಯಿಂದ ಸುಮಾರು 250 ಕಿಲೋಮೀಟರ್ ದೂರದ ಬೆಂಗಳೂರಿನಲ್ಲಿ. ವಕೀಲರ ಫೀಸು, ಓಡಾಟ ಎಲ್ಲರ ಕೈಗೆ ಎಟಕುವುದಿಲ್ಲ. ಎಟಕದವರಿಗೆ ಉಳಿಯುವುದು ಒಂದೇ ದಾರಿ: ಕಟಕಟೆಯಲ್ಲಿ ನಿಂತು 'ಯಾರು ಹೊಡೆದರೋ ಗೊತ್ತಿಲ್ಲ' ಅನ್ನುವುದು. ಪ್ರಮಾಣ ಮಾಡಿ ಸುಳ್ಳು ಹೇಳುವ ಹಾಗೆ ಜನರನ್ನು ದೂಡುವ ವ್ಯವಸ್ಥೆ ಇದು. ನನ್ನ ಪ್ರಕಾರ ಆ ತಿದ್ದುಪಡಿ ತಪ್ಪು.

ಹೈಕೋರ್ಟಿನ ದಾರಿಯೂ ತಾನಾಗಿ ತೆರೆದಿದ್ದಲ್ಲ. 2003ರಲ್ಲಿ ಬಿ.ಎಸ್. ಜೋಶಿ ಪ್ರಕರಣದಲ್ಲಿ, ಗಂಡ-ಹೆಂಡತಿ ರಾಜಿಯಾದರೆ ವರದಕ್ಷಿಣೆ ಕಿರುಕುಳದ ಕೇಸನ್ನು ಹೈಕೋರ್ಟ್ ರದ್ದು ಮಾಡಬಹುದು ಎಂದು ಸುಪ್ರೀಂ ಕೋರ್ಟ್ ಹೇಳಿತು. ಅದು ಸರಿಯೇ ಎಂಬ ಪ್ರಶ್ನೆ ಎದ್ದಾಗ, 2012ರಲ್ಲಿ ಗ್ಯಾನ್ ಸಿಂಗ್ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಆ ಅಧಿಕಾರವನ್ನು ಗಟ್ಟಿ ಮಾಡಿತು. ಆದರೆ ಗೆರೆಯನ್ನೂ ಎಳೆಯಿತು: ಕೊಲೆ, ಅತ್ಯಾಚಾರ, ಡಕಾಯಿತಿ ಇಬ್ಬರ ನಡುವಿನ ವ್ಯವಹಾರವಲ್ಲ, ಅಲ್ಲಿ ರಾಜಿ ನಡೆಯದು. 2024ರ ನವೆಂಬರಿನಲ್ಲಿ, ವಿದ್ಯಾರ್ಥಿನಿಗೆ ಲೈಂಗಿಕ ಕಿರುಕುಳ ಕೊಟ್ಟ ಆರೋಪ ಹೊತ್ತ ಶಿಕ್ಷಕನ ಜೊತೆ ಆಕೆಯ ತಂದೆ ರಾಜಿಯಾಗಿದ್ದ ಪ್ರಕರಣ ಬಂತು. ರಾಜಸ್ಥಾನ ಹೈಕೋರ್ಟ್ ಕೇಸ್ ರದ್ದು ಮಾಡಿತ್ತು. ಸುಪ್ರೀಂ ಕೋರ್ಟ್ ಆ ಆದೇಶವನ್ನೇ ತಳ್ಳಿಹಾಕಿತು.

ಆ ಗೆರೆ ಕೊಡಗಿಗೂ ಬೇಕು. ತೋಟದ ಕಾರ್ಮಿಕರ ಲೈನ್ ಮನೆಯಲ್ಲಿರುವ ಯರವ ಬುಡಕಟ್ಟಿನ ಹೆಣ್ಣುಮಗಳೊಬ್ಬಳು ಮಾಲೀಕರ ಮೇಲೆ ದೂರು ಕೊಟ್ಟಳು ಅನ್ನಿ. ಅವಳ ಕೂಲಿ, ಸೂರು ಎರಡೂ ಅವರ ಕೈಯಲ್ಲೇ ಇವೆ. ನಾಳೆ ಅವಳು 'ಕೇಸ್ ಬೇಡ' ಅಂದರೆ ಅದನ್ನು ಮನಸ್ಸು ಬದಲಾಯಿತು ಅಂತ ಸುಮ್ನೆ ಬರೆದುಕೊಂಡರೆ ಆಗುತ್ತಾ? ಅಣ್ಣ-ತಮ್ಮ ಸರಿಸಮ, ಇವರಿಬ್ಬರು ಅಲ್ಲ. ಯಾರೂ ಪಕ್ಕದಲ್ಲಿಲ್ಲದೆ ಅವಳ ಮಾತು ಕೇಳಬೇಕು. ರಾಜಿಯಾದ ಮೇಲೆ ಎಲ್ಲಿರುತ್ತೀಯ, ಕೆಲಸ ಎಲ್ಲಿ ಮಾಡುತ್ತೀಯ ಅಂತಲೂ ವಿಚಾರಿಸಬೇಕು. ಮಹಿಳೆಯರಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ ಆದಾಯ ಎಷ್ಟೇ ಇರಲಿ, ಉಚಿತ ವಕೀಲರನ್ನು ಪಡೆಯುವ ಹಕ್ಕಿದೆ. ರಾಜಿ ಪತ್ರಕ್ಕೆ ಸಹಿ ಹಾಕುವ ಮೊದಲೇ ಮಡಿಕೇರಿಯ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ ಕೇಳಬಹುದು.